ಪೆರಿಯಾರ್ ನಮ್ಮವರಾದರೆ ಮಣಿಯಮ್ಮೈ ಯಾರವರು?

ಗಡಿನಾಡಿನ ಕನ್ನಡಿಗರ ಸಭೆಗಳಲ್ಲಿ ಒಂದು ಮಾತು ತಪ್ಪದೆ ಕೇಳಿಬರುತ್ತದೆ. ಹೊಸೂರಿರಲಿ, ತಾಳವಾಡಿಯಿರಲಿ, ನಮ್ಮ ಪೆನ್ನಾಗರಂ ಕಡೆಯೇ ಇರಲಿ, ಭಾಷಣಕ್ಕೆ ನಿಂತವರು ಎದೆಯುಬ್ಬಿಸಿ ಹೇಳುತ್ತಾರೆ: ತಮಿಳುನಾಡನ್ನು ನಡುಗಿಸಿದ ಪೆರಿಯಾರ್ ಹುಟ್ಟಿನಿಂದ ಕನ್ನಡಿಗರು! ಚಪ್ಪಾಳೆ ಬೀಳುತ್ತದೆ. ಚಪ್ಪಾಳೆಯೊಂದಿಗೆ ಮಾತು ಮುಗಿಯುತ್ತದೆ. ಮರುದಿನ ಯಾರ ಮನೆಯಲ್ಲೂ ಅದು ನೆನಪಿಗೆ ಬರುವುದಿಲ್ಲ.

ಮಾತು ಸುಳ್ಳಲ್ಲ. ಈರೋಡು ವೆಂಕಟಪ್ಪ ರಾಮಸ್ವಾಮಿ 1879ರ ಸೆಪ್ಟೆಂಬರ್ 17ರಂದು ಈರೋಡಿನಲ್ಲಿ ಹುಟ್ಟಿದ್ದು ಕನ್ನಡ ಮನೆಮಾತಿನ ಬಲಿಜ ವ್ಯಾಪಾರಿ ಕುಟುಂಬದಲ್ಲಿ. ಅದನ್ನು ಅವರು ಬಚ್ಚಿಟ್ಟವರೂ ಅಲ್ಲ. ತಮಿಳರ ಸಭೆಯಲ್ಲೇ ತಾನು ಕನ್ನಡಿಗನೆಂದು ಹೇಳಿಕೊಂಡವರು. ಆದರೆ ನಾನು ಕೇಳಬೇಕೆಂದಿರುವುದು ಇನ್ನೊಂದು ಪ್ರಶ್ನೆ. ಹುಟ್ಟಿನ ಲೆಕ್ಕದಲ್ಲಿ ಪೆರಿಯಾರ್ ನಮ್ಮವರಾದರೆ, ಅವರು ಕಣ್ಣು ಮುಚ್ಚಿದ ಮೇಲೆ ಅವರ ಬದುಕಿನ ಗಳಿಕೆಯನ್ನು ಕೈಯಲ್ಲಿ ಹಿಡಿದು ಕಾಯ್ದ ಮಣಿಯಮ್ಮೈ ಯಾರವರು? ಆಕೆಗೆ ಕನ್ನಡದ ನಂಟಿರಲಿಲ್ಲ, ಈರೋಡಿನ ರಕ್ತವಿರಲಿಲ್ಲ. ಆಕೆ ವೇಲೂರಿನ ತಮಿಳು ಹೆಣ್ಣುಮಗಳು. ರಕ್ತದ ಹಕ್ಕು ಹೇಳುವ ನಾವು ಚಪ್ಪಾಳೆ ತಟ್ಟಿದೆವು. ರಕ್ತವೇ ಇಲ್ಲದ ಆಕೆ ದುಡಿದಳು. ವಾರಸುದಾರರು ಯಾರೆಂದು ಓದುಗರೇ ಹೇಳಬೇಕು.

ಆಕೆಯ ಹೆಸರು ಕೇಳಿದೊಡನೆ ನಮ್ಮವರ ಬಾಯಲ್ಲಿ ಮೊದಲು ಬರುವುದು ಏನೆಂದು ಎಲ್ಲರಿಗೂ ಗೊತ್ತು. “ಮುದುಕನನ್ನು ಮದುವೆಯಾದವಳು.” ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಈ ಒಂದು ವಾಕ್ಯದ ಹಿಂದೆ ಒಂದು ಇಡೀ ಜೀವನವನ್ನು ಅಡಗಿಸಿಟ್ಟಿದ್ದೇವೆ. ಆದುದರಿಂದ ಅಲ್ಲಿಂದಲೇ ಆರಂಭಿಸೋಣ.

ಕಾಂತಿಮತಿ ಎಂಬ ಈ ಹುಡುಗಿ ಹುಟ್ಟಿದ್ದು 1920ರ ಮಾರ್ಚ್ 10ರಂದು. ತಂದೆ ಕನಕಸಭೈ ಸ್ವಾಭಿಮಾನ ಚಳವಳಿಯವರು. 1943ರಲ್ಲಿ ಆಕೆ ಪೆರಿಯಾರರ ಬಳಿ ಕೆಲಸಕ್ಕೆ ಬಂದರು. ಮರುವರ್ಷ, 1944ರ ಆಗಸ್ಟ್ 27ರಂದು, ನಮ್ಮದೇ ಸೇಲಂ ಪಟ್ಟಣದ ಸಮ್ಮೇಳನದಲ್ಲಿ ಜಸ್ಟಿಸ್ ಪಕ್ಷ ‘ದ್ರಾವಿಡರ್ ಕಳಗಂ’ ಎಂಬ ಹೊಸ ಹೆಸರು ಪಡೆಯಿತು. ಆಗ ಧರ್ಮಪುರಿ ಪ್ರತ್ಯೇಕ ಜಿಲ್ಲೆಯಾಗಿರಲಿಲ್ಲ. 1965ರವರೆಗೆ ಪೆನ್ನಾಗರಂ ಕೂಡ ಸೇಲಂ ಜಿಲ್ಲೆಯೊಳಗೇ ಇತ್ತು. ಆ ಸಂಘಟನೆಯ ನಾಮಕರಣವಾದದ್ದು ನಮ್ಮ ಅಂಗಳದಲ್ಲಿ ಎಂದರೆ ತಪ್ಪಾಗದು.

1949ರ ಜುಲೈ 9ರಂದು ಪೆರಿಯಾರ್ ಆಕೆಯನ್ನು ನೋಂದಣಿ ವಿವಾಹವಾದರು. ಅವರಿಗೆ ಎಪ್ಪತ್ತು ನಡೆಯುತ್ತಿತ್ತು, ಆಕೆಗೆ ಇನ್ನೂ ಮೂವತ್ತು ತುಂಬಿರಲಿಲ್ಲ. ಊರೆಲ್ಲ ಗುಲ್ಲೆದ್ದಿತು. ಮದುವೆಗೆ ಮುನ್ನ ಅವರು ತಿರುವಣ್ಣಾಮಲೈಯಲ್ಲಿ ರಾಜಾಜಿಯವರನ್ನು ಕಂಡಿದ್ದರು. ಹಳೆಯ ವಿರೋಧಿಯ ಸಲಹೆಯಂತೆ ಈ ಮದುವೆ ನಡೆಯಿತೆಂಬ ಮಾತೂ ಹುಟ್ಟಿಕೊಂಡಿತು. ಅಣ್ಣಾದುರೈ ಮತ್ತು ಸಂಗಾತಿಗಳು ಹೊರನಡೆದು ಅದೇ ಸೆಪ್ಟೆಂಬರ್ 17ರಂದು, ಪೆರಿಯಾರರ ಹುಟ್ಟುಹಬ್ಬದ ದಿನವೇ, ಡಿ.ಎಂ.ಕೆ. ಕಟ್ಟಿದರು. ಹೊರಟವರನ್ನು ಪೆರಿಯಾರ್ ‘ಕಣ್ಣೀರ ಹನಿಗಳು’ ಎಂದು ಹಂಗಿಸುತ್ತಿದ್ದರು. ಪಕ್ಷ ಒಡೆದ ಪಾಪ ಯಾರ ತಲೆಗೆ ಬಂತು? ಎಪ್ಪತ್ತರ ನಾಯಕನ ತಲೆಗೂ ಅಲ್ಲ, ಅಧಿಕಾರದ ಹಾದಿ ಹುಡುಕುತ್ತಿದ್ದ ತರುಣರ ತಲೆಗೂ ಅಲ್ಲ. ಎಲ್ಲವೂ ಮಣಿಯಮ್ಮೈಯವರ ತಲೆಗೆ.

ಆಕ್ಷೇಪದಲ್ಲಿ ತಿರುಳೇ ಇರಲಿಲ್ಲವೆಂದು ನಾನು ವಾದಿಸುವುದಿಲ್ಲ. ವಯಸ್ಸಿನ ಅಂತರದ ಮದುವೆ ಬೇಡವೆಂದು ಊರೂರು ಸುತ್ತಿ ಹೇಳಿದ ವ್ಯಕ್ತಿ ತಾನೇ ಹಾಗೆ ಮಾಡಿದಾಗ ಶಿಷ್ಯರು ಪ್ರಶ್ನಿಸುವುದು ಸಹಜ. ಪ್ರಶ್ನಿಸುವುದನ್ನು ಕಲಿಸಿದವರೂ ಅವರೇ ತಾನೆ? ಆದರೆ ಅಂದಿನ ಕಾನೂನನ್ನೂ ನೋಡಬೇಕು. ಹಿಂದೂ ಕಾನೂನಿನಲ್ಲಿ ಹೆಣ್ಣನ್ನು ದತ್ತು ತೆಗೆದುಕೊಂಡು ವಾರಸುದಾರಳನ್ನಾಗಿ ಮಾಡಲು ಅವಕಾಶವಿರಲಿಲ್ಲ. ದತ್ತಕದ ಹೊಸ ಕಾಯಿದೆ ಬಂದದ್ದು 1956ರಲ್ಲಿ. ಚಳವಳಿಯ ಆಸ್ತಿಯೂ ಪತ್ರಿಕೆಗಳೂ ತನ್ನ ನಂತರ ನಂಬಿಕೆಯ ಕೈಯಲ್ಲಿ ಇರಬೇಕೆಂದರೆ ಒಬ್ಬ ಹೆಣ್ಣುಮಗಳ ಮಟ್ಟಿಗೆ ಉಳಿದಿದ್ದ ದಾರಿ ಮದುವೆಯೊಂದೇ ಎಂದು ಪೆರಿಯಾರ್ ಸಮರ್ಥಿಸಿಕೊಂಡರು. ಆ ಸಮರ್ಥನೆಯನ್ನು ಒಪ್ಪಬಹುದು, ಬಿಡಬಹುದು. ಆದರೆ ಆ ನಂಬಿಕೆಯನ್ನು ಆಕೆ ಉಳಿಸಿಕೊಂಡರೇ ಇಲ್ಲವೇ ಎಂಬುದನ್ನು ನೋಡದೆ ತೀರ್ಪು ಕೊಡುವುದು ನ್ಯಾಯವಲ್ಲ. ಆ ಲೆಕ್ಕದ ಪುಸ್ತಕ ನಮ್ಮ ಮುಂದೆ ತೆರೆದೇ ಇದೆ.

ಮೊದಲನೆಯ ಪುಟ: ಇಪ್ಪತ್ತನಾಲ್ಕು ವರ್ಷಗಳ ಆರೈಕೆ. ಪೆರಿಯಾರ್ ತೊಂಬತ್ತನಾಲ್ಕು ವರ್ಷ ಬದುಕಿದರು. ಮೂತ್ರದ ತೊಂದರೆಯಿಂದ ಕೊನೆಯ ವರ್ಷಗಳಲ್ಲಿ ದೇಹಕ್ಕೆ ನಳಿಕೆ ಅಂಟಿಸಿಕೊಂಡೇ ವ್ಯಾನಿನಲ್ಲಿ ಊರೂರು ತಿರುಗಿದರು. 1973ರ ಡಿಸೆಂಬರ್ 19ರಂದು ಚೆನ್ನೈಯ ತ್ಯಾಗರಾಯನಗರದಲ್ಲಿ ಕೊನೆಯ ಭಾಷಣ; 24ರಂದು ವೇಲೂರಿನ ಆಸ್ಪತ್ರೆಯಲ್ಲಿ ಸಾವು. ಅಂಥ ದೇಹವನ್ನು ಸಭೆಯಿಂದ ಸಭೆಗೆ ಕರೆದೊಯ್ಯುವಂತೆ ಉಳಿಸಿಕೊಂಡದ್ದು ಯಾರ ಕೈ? ಊಟ, ಔಷಧ, ನಿದ್ದೆ, ಬಟ್ಟೆ, ಪ್ರಯಾಣ, ಎಲ್ಲವೂ ಆಕೆಯ ಮೇಲ್ವಿಚಾರಣೆಯಲ್ಲಿ. ಇಷ್ಟು ಕಾಲ ಬದುಕಿದ್ದು ಆಕೆಯ ಆರೈಕೆಯಿಂದ ಎಂದು ಪೆರಿಯಾರರೇ ಹೇಳಿದ್ದುಂಟು. ನಾವು ಇದನ್ನು ‘ಸೇವೆ’ ಎಂದು ಕರೆದು ಕೈತೊಳೆದುಕೊಳ್ಳುತ್ತೇವೆ. ಗಂಡಸು ಮಾತಾಡಿದರೆ ರಾಜಕೀಯ, ಆ ಗಂಡಸನ್ನು ಮಾತಾಡಲು ನಿಲ್ಲಿಸಿದ ಹೆಣ್ಣಿನದು ಮನೆಗೆಲಸ! ಆಕೆ ಮನೆಯೊಳಗೇ ಇದ್ದವರೂ ಅಲ್ಲ. ಹಿಂದಿ ವಿರೋಧಿ ಹೋರಾಟದಲ್ಲಿ ಜೈಲು ಕಂಡವರು, ‘ವಿಡುದಲೈ’ ಪತ್ರಿಕೆಯ ಹೊಣೆ ಹೊತ್ತವರು. ತಿರುಚ್ಚಿಯಲ್ಲಿ ಅನಾಥ ಮಕ್ಕಳಿಗಾಗಿ ಒಂದು ಮನೆ ಇದೆ. ಅದನ್ನು ಸಾಕಿ ಸಲಹಿದವರು ಮಣಿಯಮ್ಮೈ. ಅದಕ್ಕಿರುವ ಹೆಸರು ಪೆರಿಯಾರರ ಮೊದಲ ಪತ್ನಿ ನಾಗಮ್ಮೈಯವರದು. ಆಸ್ತಿಗಾಗಿ ಬಂದವಳೆಂದು ಹೀಗಳೆದವರು ಇದನ್ನೊಂದಿಷ್ಟು ಯೋಚಿಸಬೇಕು.

ಎರಡನೆಯ ಪುಟ: 1974ರಿಂದ 1978. ಪೆರಿಯಾರ್ ಸತ್ತಾಗ ಕಳಗಂ ಕೂಡ ಸಾಯುತ್ತದೆಂದು ಹಲವರು ಎಣಿಸಿದ್ದರು. ಯಾವ ಅಧಿಕಾರವನ್ನೂ ಹಿಡಿಯದವರಿಗೆ ಕರುಣಾನಿಧಿ ಸರ್ಕಾರ ರಾಜ್ಯ ಮರ್ಯಾದೆ ಕೊಟ್ಟಿತು. ಮರ್ಯಾದೆಯ ನಂತರ ಎಲ್ಲರೂ ತಂತಮ್ಮ ಮನೆಗೆ ಹೋದರು. ಮಣಿಯಮ್ಮೈ ಸಂಘದ ಹೊಣೆ ಹೊತ್ತರು. ಕಾಗದ ಪತ್ರ ಕಟ್ಟಿಡುವ, ಪುಣ್ಯತಿಥಿಗೆ ದೀಪ ಹಚ್ಚುವ ವಿಧವೆಯಾಗಿ ಅಲ್ಲ, ಅಧ್ಯಕ್ಷೆಯಾಗಿ. ದೆಹಲಿಯ ರಾಮಲೀಲೆಯಲ್ಲಿ ರಾವಣನ ಪ್ರತಿಕೃತಿ ಸುಡುವುದನ್ನು ಖಂಡಿಸಿ, 1974ರ ಡಿಸೆಂಬರ್ 25ರಂದು ಚೆನ್ನೈಯ ಪೆರಿಯಾರ್ ತಿಡಲಿನಲ್ಲಿ ‘ರಾವಣ ಲೀಲೆ’ ನಡೆಸಿ ಮೊಕದ್ದಮೆ ಎದುರಿಸಿದರು. ನಮ್ಮ ಮನೆಗಳಲ್ಲಿ ರಾಮನವಮಿಗೆ ಪಾನಕ ಕೋಸಂಬರಿ ಹಂಚುವವರೇ ಹೆಚ್ಚು. ಆ ಕಾರ್ಯಕ್ರಮವನ್ನು ನಾವು ಮೆಚ್ಚಬೇಕಾಗಿಲ್ಲ. ನೊಂದವರ ನೋವೂ ಸುಳ್ಳಲ್ಲ. ನಾನು ತೋರಿಸುತ್ತಿರುವುದು ಇಷ್ಟೇ: ಗಂಡನ ಮಾತನ್ನು ಮೆದುಗೊಳಿಸಿ, ಎಲ್ಲರಿಗೂ ಒಪ್ಪಿಗೆಯಾಗುವ ಫೋಟೋ ಮಾಡಿ ಗೋಡೆಗೆ ತೂಗುಹಾಕುವ ಸುಲಭದ ದಾರಿಯನ್ನು ಆಕೆ ಹಿಡಿಯಲಿಲ್ಲ.

ಮುಂದಿನ ವರ್ಷ ತುರ್ತು ಪರಿಸ್ಥಿತಿ ಬಂತು. 1976ರ ಜನವರಿ 31ರಂದು ಡಿ.ಎಂ.ಕೆ. ಸರ್ಕಾರ ವಜಾ ಆಯಿತು. ವೀರಮಣಿಯವರೂ ಸೇರಿ ಕಳಗಂನ ಪ್ರಮುಖರು ಮೀಸಾ ಕಾಯಿದೆಯಡಿ ಜೈಲು ಸೇರಿದರು. ಪತ್ರಿಕೆಯ ಮೇಲೆ ಸೆನ್ಸಾರಿನ ಕತ್ತರಿ. ಕೈಕಾಲು ಕಟ್ಟಿದ ಸಂಘಟನೆಯನ್ನು ಹೃದ್ರೋಗಿಯಾದ ಹೆಂಗಸು ಮುಳುಗದಂತೆ ಹಿಡಿದುಕೊಂಡರು. 1978ರ ಮಾರ್ಚ್ 16ರಂದು ತಮ್ಮ 58ನೆಯ ವಯಸ್ಸಿನಲ್ಲಿ ತೀರಿಕೊಂಡರು. ಪೆರಿಯಾರ್ 1935ರಲ್ಲಿ ಬಳಕೆಗೆ ತಂದ ತಮಿಳು ಲಿಪಿ ಸುಧಾರಣೆಯನ್ನು ಎಂ.ಜಿ.ಆರ್. ಸರ್ಕಾರ ಅಧಿಕೃತವಾಗಿ ಒಪ್ಪಿದ್ದು ಅದೇ 1978ರ ಅಕ್ಟೋಬರಿನಲ್ಲಿ. ಆಕೆ ಅದನ್ನು ನೋಡಲಿಲ್ಲ.

ಕಾಯುವ ಕೈ ಇಲ್ಲದಿದ್ದರೆ ಏನಾಗುತ್ತದೆಂಬುದಕ್ಕೆ ದೂರ ಹೋಗಬೇಕಾಗಿಲ್ಲ. ಪೆನ್ನಾಗರಂ ಬಳಿಯ ಪಾಪ್ಪಾರಪಟ್ಟಿಗೆ ಬನ್ನಿ. ಚಿದಂಬರಂ ಪಿಳ್ಳೆಯವರೊಡನೆ 1908ರಲ್ಲಿ ರಾಜದ್ರೋಹದ ಶಿಕ್ಷೆಗೊಳಗಾದ ಸುಬ್ರಹ್ಮಣ್ಯ ಶಿವ ಜೈಲಿನಿಂದ ಹೊರಬಂದದ್ದು ಕುಷ್ಠರೋಗ ಹೊತ್ತು. ರೈಲು ಹತ್ತುವುದಕ್ಕೂ ಸರ್ಕಾರ ಬಿಡಲಿಲ್ಲ. ನಡೆದೇ ಊರೂರು ತಿರುಗಿದರು. ಪಾಪ್ಪಾರಪಟ್ಟಿಯಲ್ಲಿ ಭಾರತ ಆಶ್ರಮ ಕಟ್ಟಿ, ಭಾರತಮಾತೆಯ ಗುಡಿಗೆ 1923ರಲ್ಲಿ ಚಿತ್ತರಂಜನ ದಾಸರಿಂದ ಅಡಿಗಲ್ಲು ಹಾಕಿಸಿ, 1925ರ ಜುಲೈ 23ರಂದು ಅಲ್ಲೇ ತೀರಿಕೊಂಡರು. ಪತ್ನಿ ಮೀನಾಕ್ಷಿ ಅವರಿಗಿಂತ ಮೊದಲೇ ಹೋಗಿದ್ದರು. ಹಿಂದೆ ಯಾರೂ ಇರಲಿಲ್ಲ. ಅವರ ಕನಸಿನ ಕಟ್ಟಡ ಅಲ್ಲಿ ಏಳಲು ಹತ್ತಿರ ಹತ್ತಿರ ಒಂದು ಶತಮಾನ ಹಿಡಿಯಿತು. ಶಿವ ಮತ್ತು ಪೆರಿಯಾರ್ ವಿಚಾರದಲ್ಲಿ ಉತ್ತರ ದಕ್ಷಿಣ. ಆದರೆ ನೆನಪಿನ ನಿಯಮ ಇಬ್ಬರಿಗೂ ಒಂದೇ. ದಿನದಿನವೂ ಬೆನ್ನು ಬಗ್ಗಿಸುವವರಿಲ್ಲದಿದ್ದರೆ ಎಂಥ ತ್ಯಾಗವೂ ಕಲ್ಲಾಗಿ ಕಾಯುತ್ತಾ ಕೂರುತ್ತದೆ.

ಕಾಯುವ ಕೈಯನ್ನೇ ಶಂಕಿಸಿದರೆ ಏನಾಗುತ್ತದೆಂಬುದಕ್ಕೆ ಸವಿತಾ ಅಂಬೇಡ್ಕರರ ಬದುಕು ಸಾಕ್ಷಿ. ವೃತ್ತಿಯಲ್ಲಿ ವೈದ್ಯೆ. 1948ರಲ್ಲಿ ಬಾಬಾಸಾಹೇಬರನ್ನು ಮದುವೆಯಾಗಿ ಅವರ ಅನಾರೋಗ್ಯದ ವರ್ಷಗಳನ್ನು ನೋಡಿಕೊಂಡವರು. 1956ರ ಡಿಸೆಂಬರಿನಲ್ಲಿ ಅವರು ತೀರಿಕೊಂಡ ಮೇಲೆ ಸಾವಿನ ಹೊಣೆಯನ್ನೇ ಆಕೆಯ ಮೇಲೆ ಹೊರಿಸಲಾಯಿತು. ವಾರಸಿನ ವ್ಯಾಜ್ಯದಲ್ಲಿ ಅಂಬೇಡ್ಕರರ ಹಸ್ತಪ್ರತಿಗಳು ಪೆಟ್ಟಿಗೆಗಳಲ್ಲಿ ಕಾನೂನಿನ ಸುಪರ್ದಿಯಲ್ಲಿ ಬಿದ್ದಿದ್ದವು. ಮಹಾರಾಷ್ಟ್ರ ಸರ್ಕಾರದ ಸಂಪುಟಗಳು ಹೊರಬರತೊಡಗಿದ್ದು 1979ರಲ್ಲಿ. 1990ರಲ್ಲಿ ಭಾರತರತ್ನ ಸ್ವೀಕರಿಸಲು ಆ ವಿಧವೆಯನ್ನು ಕರೆದರು. ಆ ನಡುವಿನ ದಶಕಗಳಲ್ಲಿ ಆಕೆ ಎಲ್ಲಿದ್ದಾರೆಂದು ಕೇಳಿದವರು ಎಷ್ಟು ಮಂದಿ?

ಈ ಸಂಚಿಕೆಯ ಮಲಯಾಳಂ ಪುಟಗಳನ್ನು ಓದುವ ಬಂಧುಗಳಿಗೂ ಇದು ಹೊರಗಿನ ವಿಷಯವಲ್ಲ. 1924ರ ವೈಕಂ ಸತ್ಯಾಗ್ರಹದಲ್ಲಿ ದೇವಸ್ಥಾನದ ಸುತ್ತಲಿನ ಬೀದಿಯಲ್ಲಿ ನಡೆಯುವ ಹಕ್ಕಿಗಾಗಿ ಪೆರಿಯಾರ್ ಎರಡು ಸಲ ಸೆರೆಮನೆ ಸೇರಿದರು. ನಾಗಮ್ಮೈ ಅಲ್ಲಿಗೆ ಬಂದು ಹೆಂಗಸರನ್ನು ಕೂಡಿಸಿ ಹೋರಾಟ ನಡೆಸಿದರು. ನೂರು ವರ್ಷದ ನಂತರ, 2024ರ ಡಿಸೆಂಬರ್ 12ರಂದು, ನವೀಕರಿಸಿದ ವೈಕಂ ಸ್ಮಾರಕವನ್ನು ತಮಿಳುನಾಡು, ಕೇರಳ ಎರಡೂ ರಾಜ್ಯಗಳ ಮುಖ್ಯಮಂತ್ರಿಗಳು ಸೇರಿ ಉದ್ಘಾಟಿಸಿದರು. ತಮಿಳುನಾಡು ಸರ್ಕಾರದ ವೈಕಂ ಪ್ರಶಸ್ತಿ ಅಂದು ಸಂದದ್ದು ನಮ್ಮ ದೇವನೂರ ಮಹಾದೇವರಿಗೆ. ಕನ್ನಡ ಮನೆಯ ಮಗ, ಮಲಯಾಳದ ನೆಲದ ಹೋರಾಟ, ತಮಿಳು ಸರ್ಕಾರದ ಗೌರವ, ಕನ್ನಡದ ಲೇಖಕ! ಗಡಿ ಎಂದರೆ ಬೇಲಿಯಲ್ಲ, ಹೊಸ್ತಿಲು ಎಂದು ಹೇಳಲು ಇದಕ್ಕಿಂತ ಒಳ್ಳೆಯ ಉದಾಹರಣೆ ಬೇಕೇ? ಆದರೆ ಆ ನೂರು ವರ್ಷಗಳ ನಡುವೆ ಹೆಸರು ಅಳಿಯದಂತೆ ನೋಡಿಕೊಂಡವರನ್ನು ವೇದಿಕೆಯ ಮೇಲೂ ಕೆಳಗೂ ನೆನೆಯಬೇಕು.

ಕಾಯುವುದು ಬೇರೆ, ಬೀಗ ಹಾಕುವುದು ಬೇರೆ ಎಂಬುದನ್ನೂ ಮರೆಯಬಾರದು. ಮಣಿಯಮ್ಮೈ ತೀರಿಕೊಂಡು ಮೂರು ದಶಕಗಳಾದ ಮೇಲೆ, ನಮ್ಮ ಸೇಲಂ ಜಿಲ್ಲೆಯ ಕೊಳತ್ತೂರು ಮಣಿಯವರ ನೇತೃತ್ವದ ಪೆರಿಯಾರ್ ದ್ರಾವಿಡರ್ ಕಳಗಂ, ‘ಕುಡಿ ಅರಸು’ ಪತ್ರಿಕೆಯ ಹಳೆಯ ಬರಹಗಳನ್ನು ಸಂಪುಟಗಳಾಗಿ ತರಲು ಹೊರಟಿತು. ಪೆರಿಯಾರರ ಬರಹದ ಹಕ್ಕು ತಮ್ಮದೆಂದು ಮೂಲ ಸಂಸ್ಥೆ ಹೈಕೋರ್ಟಿಗೆ ಹೋಯಿತು. 2009ರಲ್ಲಿ ನ್ಯಾಯಮೂರ್ತಿ ಕೆ. ಚಂದ್ರು ತಡೆಯಾಜ್ಞೆ ನಿರಾಕರಿಸಿದರು. 2010ರಲ್ಲಿ ವಿಭಾಗೀಯ ಪೀಠವೂ ಅದನ್ನೇ ಎತ್ತಿಹಿಡಿಯಿತು. ಸಂಪುಟಗಳು ಹೊರಬಂದವು. ನನ್ನ ಮಟ್ಟಿಗೆ ಆ ತೀರ್ಪು ಸರಿಯಾದುದು. ಮೂಲ ಪ್ರತಿಗಳನ್ನು ಜೋಪಾನ ಮಾಡಿದ ಸಂಸ್ಥೆಗೆ ಗೌರವ ಸಲ್ಲಬೇಕು, ಆದರೆ ಓದುವ ಹಕ್ಕು ಎಲ್ಲರದು. ಸುಬ್ರಹ್ಮಣ್ಯ ಭಾರತಿಯವರ ವಿಧವೆ ಚೆಲ್ಲಮ್ಮಾ 1922ರಲ್ಲಿ ಭಾರತಿ ಆಶ್ರಮದ ಹೆಸರಿನಲ್ಲಿ ಗಂಡನ ಹಾಡುಗಳನ್ನು ಅಚ್ಚು ಹಾಕಿಸಿದ್ದು ಅವು ಜನರಿಗೆ ಸೇರಲೆಂದೇ. ಆ ಹಾಡುಗಳ ಹಕ್ಕನ್ನು 1949ರಲ್ಲಿ ಮದರಾಸು ಸರ್ಕಾರ ಕೊಂಡುಕೊಂಡು ಮುಂದೆ ಸಾರ್ವಜನಿಕರಿಗೆ ಬಿಟ್ಟುಕೊಟ್ಟಿತು. ವಿಧವೆ ಕಾಯ್ದದ್ದು ಕೊನೆಗೆ ಊರಿಗೆ ಸೇರಬೇಕು. ಸೇರದಿದ್ದರೆ ಕಾಯ್ದ ಶ್ರಮ ವ್ಯರ್ಥ.

ಇಲ್ಲಿ ನಮ್ಮ ಕನ್ನಡಿಗರೇ ಎತ್ತುವ ಆಕ್ಷೇಪವೊಂದಿದೆ. “ಪೆರಿಯಾರರ ಹೆಸರು ಹೇಳುವ ಪಕ್ಷಗಳೇ ನಮ್ಮ ಮಕ್ಕಳ ಬಾಯಿಂದ ಕನ್ನಡ ಕಿತ್ತುಕೊಂಡವು. 2006ರ ತಮಿಳು ಕಲಿಕೆ ಕಾಯಿದೆಯಿಂದ ನಮ್ಮ ಮಕ್ಕಳು ವಿನಾಯಿತಿಗಾಗಿ ಕೋರ್ಟಿನ ಬಾಗಿಲು ತಟ್ಟಬೇಕಾಯಿತು. ನಾವೇಕೆ ಆ ಪರಂಪರೆಯನ್ನು ಹೊರಬೇಕು?” ಕಾಸರಗೋಡಿನವರು 2017ರ ಮಲಯಾಳಂ ಕಡ್ಡಾಯ ಕಾಯಿದೆಯನ್ನು ನೆನೆದು ಇದೇ ಧಾಟಿಯಲ್ಲಿ ಮಾತಾಡಬಹುದು.

ನೋವು ನಿಜ. ಆದರೆ ತೀರ್ಮಾನ ತಲೆಕೆಳಗು. 1938ರಲ್ಲಿ ರಾಜಾಜಿ ಸರ್ಕಾರ ಮದರಾಸು ಪ್ರಾಂತ್ಯದ 125 ಶಾಲೆಗಳಲ್ಲಿ ಹಿಂದಿಯನ್ನು ಕಡ್ಡಾಯ ಮಾಡಿದಾಗ ಬೀದಿಗಿಳಿದವರು ಪೆರಿಯಾರ್. ಅದಕ್ಕಾಗಿ ಜೈಲು ಸೇರಿದರು. ಕನ್ನಡದ ಬಳ್ಳಾರಿಯ ಜೈಲನ್ನೂ ಕಂಡರು. 1940ರಲ್ಲಿ ಸರ್ಕಾರ ಆಜ್ಞೆ ಹಿಂದೆಗೆದುಕೊಂಡಿತು. ಅವರು ತಮಿಳನ್ನು ಪೂಜಿಸಿದವರೂ ಅಲ್ಲ. ಅದನ್ನೇ ‘ಕಾಡುಮನುಷ್ಯರ ಭಾಷೆ’ ಎಂದು ಬೈದು ತಮಿಳು ಪಂಡಿತರ ಸಿಟ್ಟಿಗೆ ಗುರಿಯಾದವರು. ಮಗುವಿನ ಮೇಲೆ ಸರ್ಕಾರ ಭಾಷೆಯನ್ನು ಹೇರಬಾರದೆಂಬ ವಾದ ಹಿಂದಿಗೆ ಅನ್ವಯಿಸಿದರೆ ತಮಿಳಿಗೂ ಅನ್ವಯಿಸುತ್ತದೆ, ಮಲಯಾಳಕ್ಕೂ, ಬೆಂಗಳೂರಿನಲ್ಲಿ ಕುಳಿತು ಕನ್ನಡವನ್ನು ಹೇರುವವರಿಗೂ. ಆ ವಾದ ನಮ್ಮ ಕೈಗೆ ಸಿಕ್ಕ ಆಸ್ತಿ. ಅದನ್ನು ಅರ್ಜಿಯಲ್ಲಿ ಬರೆಯದೆ, ಜಿಲ್ಲಾಧಿಕಾರಿಯ ಮುಂದೆ ಮಂಡಿಸದೆ, “ಅವರು ನಮ್ಮ ಜಾತಿ, ನಮ್ಮ ಭಾಷೆ” ಎಂದಷ್ಟೇ ಕೊಚ್ಚಿಕೊಂಡರೆ, ಕೂತು ಉಂಡರೆ ಕುಡಿಕೆ ಹೊನ್ನು ಸಾಲದೆಂಬ ಗಾದೆಗೆ ನಾವೇ ಉದಾಹರಣೆ. ಕನ್ನಡಿಗನೆಂಬ ಕಾರಣಕ್ಕೆ ಪೆರಿಯಾರರನ್ನು ಪರಕೀಯನೆಂದು ದೂರುವ ಕೆಲವು ತಮಿಳು ರಾಷ್ಟ್ರೀಯವಾದಿಗಳೂ, ಅದೇ ಕಾರಣಕ್ಕೆ ಹೆಮ್ಮೆಪಡುವ ನಾವೂ ಒಂದೇ ತಪ್ಪನ್ನು ಮಾಡುತ್ತಿದ್ದೇವೆ. ಇಬ್ಬರೂ ಅವರ ಹುಟ್ಟನ್ನು ಅಳೆಯುತ್ತೇವೆ, ಕೆಲಸವನ್ನಲ್ಲ. ಹುಟ್ಟಿನಿಂದ ಮನುಷ್ಯನನ್ನು ಅಳೆಯಬೇಡಿರೆಂದು ಜೀವಮಾನವಿಡೀ ಕೂಗಿದವನಿಗೆ ಇದಕ್ಕಿಂತ ದೊಡ್ಡ ಅವಮಾನವಿಲ್ಲ.

‘ಪೆರಿಯಾರ್’ ಎಂಬ ಬಿರುದನ್ನು ಅವರಿಗೆ ಕೊಟ್ಟವರು ಯಾರೆಂಬುದನ್ನೂ ಹೇಳಿಬಿಡುತ್ತೇನೆ. 1938ರ ನವೆಂಬರ್ 13ರಂದು ಮದರಾಸಿನಲ್ಲಿ ಸೇರಿದ್ದ ಹೆಂಗಸರ ಸಮ್ಮೇಳನ. ಹೆಸರು ಕೊಟ್ಟವರು ಹೆಂಗಸರು, ವೈಕಂನಲ್ಲಿ ಹೆಗಲು ಕೊಟ್ಟವರು ನಾಗಮ್ಮೈ, ಕೊನೆಯವರೆಗೆ ಕಾಯ್ದವರು ಮಣಿಯಮ್ಮೈ. ಚಪ್ಪಾಳೆ ಮಾತ್ರ ನಮ್ಮದು.

ಇನ್ನು ಮಾಡಬೇಕಾದ ಕೆಲಸ. ಪೆನ್ನಾಗರಂ, ಧರ್ಮಪುರಿ, ಹೊಸೂರು, ತಾಳವಾಡಿ, ಕಾಸರಗೋಡು, ಮಂಜೇಶ್ವರಗಳ ಕನ್ನಡ ಸಂಘಗಳು ಮುಂದಿನ ಮಾರ್ಚ್ 16ರಂದು ಮಣಿಯಮ್ಮೈಯವರ ಹೆಸರಿನಲ್ಲಿ ಒಂದು ಸಭೆ ನಡೆಸಲಿ. ಹಾರ, ಶಾಲು, ಅಧ್ಯಕ್ಷೀಯ ಭಾಷಣ ಬೇಡ. ಆಕೆಯ ಜೀವನವನ್ನು ತಮಿಳು ಬಲ್ಲ ನಮ್ಮ ತರುಣ ತರುಣಿಯರು ಕನ್ನಡಕ್ಕೂ ಮಲಯಾಳಕ್ಕೂ ತರಲಿ. ಜೊತೆಗೆ ಆ ದಿನ ಪ್ರತಿಯೊಬ್ಬರೂ ತಮ್ಮ ಊರಿನ ಒಂದು ಮನೆಗೆ ಹೋಗಲಿ. ಕನ್ನಡ ಶಾಲೆಗಾಗಿ ಅರ್ಜಿ ಹಿಡಿದು ತಿರುಗಿದ ಮೇಷ್ಟ್ರು, ಪಂಚಾಯತಿಯಲ್ಲಿ ಕನ್ನಡದಲ್ಲೇ ಮಾತಾಡಿದ ಸದಸ್ಯ, ಗಡಿ ಹೋರಾಟದಲ್ಲಿ ಪೊಲೀಸರ ಏಟು ತಿಂದ ಕಾರ್ಯಕರ್ತ, ಇಂಥವರು ಪ್ರತಿ ಊರಿನಲ್ಲೂ ಒಬ್ಬರಾದರೂ ಇದ್ದರು. ಅವರು ಹೋಗಿದ್ದಾರೆ. ಅವರ ಮನೆಯಾಕೆ ಇನ್ನೂ ಇದ್ದಾರೆ. ಅಟ್ಟದ ಮೇಲೆ ಕಬ್ಬಿಣದ ಟ್ರಂಕಿನಲ್ಲಿ ಅರ್ಜಿಗಳ ನಕಲು, ಕರಪತ್ರ, ಸಭೆಯ ಫೋಟೋ, ಜೈಲಿನ ಚೀಟಿ ಇವೆ. ಗೆದ್ದಲು ತಿನ್ನುವ ಮುಂಚೆ, ಹಳೆ ಪೇಪರಿನವನಿಗೆ ಹೋಗುವ ಮುಂಚೆ ಆಕೆಯನ್ನು ಕೂರಿಸಿ ಕೇಳಿರಿ, ಅಮ್ಮಾ, ನೀವು ಏನೇನು ಇಟ್ಟುಕೊಂಡಿದ್ದೀರಿ, ನೀವು ಏನು ಕಂಡಿರಿ ಎಂದು. ಗಂಡನ ವಿಷಯವನ್ನಷ್ಟೇ ಅಲ್ಲ, ಆಕೆಯ ವಿಷಯವನ್ನೂ ಬರೆದುಕೊಳ್ಳಿರಿ. ಬರೆದದ್ದರ ಒಂದು ಪ್ರತಿಯನ್ನು ಆಕೆಯ ಕೈಗೆ ಕೊಟ್ಟು ಬನ್ನಿರಿ.